ಮನೆ ಹಾಗೇ ಉಳಿಯಿತು, ಬನ ಬದಲಾಯಿತು: ಒಂದು ಗುತ್ತಿನ ಮನೆಯ ಜೀರ್ಣೋದ್ಧಾರ

ಉಡುಪಿಯಿಂದ ಕಾರ್ಕಳದ ಕಡೆಗೆ ಹೋಗುವಾಗ ಮುಖ್ಯ ರಸ್ತೆ ಬಿಟ್ಟು ಒಳಗೆ ಸರಿದರೆ ಸಿಗುವ ಒಂದು ಗುತ್ತಿನ ಮನೆಯ, ಅಂದರೆ ಊರಿನ ಹಳೆಯ ಜಮೀನ್ದಾರ ಮನೆತನದ ಮನೆಯ, ಪ್ರಕರಣ ಇದು. ಊರಿನ ಹೆಸರು, ಮನೆತನದ ಹೆಸರು ಹೇಳುವುದಿಲ್ಲ. ಕುಟುಂಬದವರು ಬರೆಯಲು ಒಪ್ಪಿದ್ದೇ ಆ ಮಾತಿನ ಮೇಲೆ.

ಮನೆ ಸೋರುತ್ತಿತ್ತು. ದೈವದ ಗುಡಿಯ ಮಾಡು (ಚಾವಣಿ) ಒಂದು ಕಡೆ ಕುಸಿದಿತ್ತು. ನಾಗನ ಕಲ್ಲುಗಳಿರುವ ಪುಟ್ಟ ಕಾಡಾದ ನಾಗಬನಕ್ಕೆ ಹೋಗುವ ದಾರಿ ಮುಚ್ಚಿಹೋಗುವಷ್ಟು ಬಳ್ಳಿ, ಬೆತ್ತ ಬೆಳೆದಿತ್ತು. ಮನೆತನದಲ್ಲಿ ಒಂದರ ಹಿಂದೆ ಒಂದು ತೊಂದರೆ ಬಂದಾಗ ಎಲ್ಲರೂ ಸೇರಿ ಜ್ಯೋತಿಷಿಗಳಲ್ಲಿ ಪ್ರಶ್ನೆ ಇಡಿಸಿದರು. ಮೂರೂ ಕಡೆ ಜೀರ್ಣೋದ್ಧಾರ ಆಗಬೇಕು ಎಂದು ಬಂತು. ಸಮಿತಿ ಆಯಿತು. ವಾಟ್ಸಾಪ್ ಗುಂಪು ಆಯಿತು. ಮುಂಬೈ, ದುಬೈ, ಬೆಂಗಳೂರಿನಿಂದ ದುಡ್ಡು ಬರತೊಡಗಿತು. ಕರಾವಳಿಯಲ್ಲಿ ಈಗ ಇಂಥದ್ದು ನಡೆಯದ ಊರೇ ಇಲ್ಲ ಅನ್ನಬಹುದು. ಜಾಗದ ಅಳತೆ ತೆಗೆದು ನಕ್ಷೆ ಮಾಡಿಕೊಡುವ ಕೆಲಸ ನನ್ನ ಪಾಲಿಗೆ ಬಂತು.

ಕೆಲಸ ಮುಗಿದ ಮೇಲೆ ಹಳೆಯ ನಕ್ಷೆ, ಹೊಸ ನಕ್ಷೆ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದೆ. ಈ ಮನೆಯ ಹಿರಿಯರು ತಲೆಮಾರಿಗೊಮ್ಮೆ ಬದಲಿಸುತ್ತಾ ಬಂದದ್ದು ಮನೆಯನ್ನು. ಎಂದೂ ಮುಟ್ಟದೆ ಬಿಟ್ಟದ್ದು ಬನವನ್ನು. ಈಗಿನವರು ಮಾಡಿದ್ದು ಸರಿಯಾಗಿ ಅದರ ಉಲ್ಟಾ. ಮನೆಯ ಒಂದು ಕಂಬವನ್ನೂ ಕದಲಿಸಬಾರದು ಎಂದು ಹಟ ಹಿಡಿದರು, ಬನಕ್ಕೆ ಜೆಸಿಬಿ ತರಿಸಿದರು.

ಜಾಗ ಹೇಗಿದೆ

ಪೂರ್ವಕ್ಕೆ ಗುಡ್ಡ, ಪಶ್ಚಿಮಕ್ಕೆ ತೋಡು (ಸಣ್ಣ ಹಳ್ಳ). ನಡುವಿನ ಇಳಿಜಾರಿನಲ್ಲಿ ಎಲ್ಲವೂ ಮೆಟ್ಟಿಲಿನಂತೆ ಇಳಿಯುತ್ತಾ ಬರುತ್ತದೆ. ಗುಡ್ಡದ ಬುಡದಲ್ಲಿ ಬನ. ಅದರ ಕೆಳಗೆ ಬಾವಿ, ಮನೆ, ಅಂಗಳ. ಅಂಗಳದ ಮುಂದೆ ಬಾಕಿಮಾರು ಗದ್ದೆ, ಅದರಾಚೆ ಉಳಿದ ಗದ್ದೆಗಳು, ಕೊನೆಗೆ ತೋಡು. ಮಳೆಗಾಲದಲ್ಲಿ ಗುಡ್ಡದ ನೀರು ಮೊದಲು ಬನಕ್ಕೆ ಬರುತ್ತದೆ. ಅಲ್ಲಿ ತರಗೆಲೆ, ಬೇರುಗಳ ನಡುವೆ ನಿಧಾನವಾಗಿ ಇಂಗುತ್ತದೆ. ಹೆಚ್ಚಾದದ್ದು ಮನೆಯ ಬದಿಯ ಕಣಿಯಲ್ಲಿ ಹರಿದು ಗದ್ದೆಗೆ ಇಳಿಯುತ್ತದೆ. ವರ್ಷಕ್ಕೆ ಹತ್ತಿರ ಹತ್ತಿರ 4000 ಮಿಲಿಮೀಟರ್ ಮಳೆ ಬೀಳುವ ಊರು. ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ಒಳಗೆ ಸುರಿದು ಮುಗಿಯುತ್ತದೆ. ಇಲ್ಲಿ ಜಾಗ ಆರಿಸುವುದೆಂದರೆ ಮೊದಲು ನೀರಿಗೆ ದಾರಿ ಬಿಡುವುದು.

ಗದ್ದೆಗಳಿಗೂ ಅದೇ ಲೆಕ್ಕ. ಮೇಲಿನ ಬೆಟ್ಟು ಗದ್ದೆಗೆ ಮಳೆಗಾಲದ ಏಣೆಲು ಬೆಳೆ ಒಂದೇ. ಮಜಲಿಗೆ ಏಣೆಲಿನ ಮೇಲೆ ಸುಗ್ಗಿ. ತೋಡಿನ ಪಕ್ಕದ ಬೈಲಿಗೆ ನೀರಿದ್ದರೆ ಮೂರನೆಯದಾಗಿ ಕೊಳಕೆಯೂ. ಗೇಣಿ ನಿಗದಿಯಾಗುತ್ತಿದ್ದುದು ಇದನ್ನು ನೋಡಿಯೇ.

ಮನೆ ಮುರಕಲ್ಲಿನದು. ನೆಲದಿಂದ ಕಡಿಯುವಾಗ ಮೆತ್ತಗಿದ್ದು, ಗಾಳಿಗೆ ಬಿಟ್ಟಂತೆ ಗಟ್ಟಿಯಾಗುವ ಈ ಕೆಂಪು ಕಲ್ಲು ಬಾವಿ ತೋಡಿದರೂ ಸಿಗುತ್ತದೆ. ಚಾವಡಿಯ ಕಂಬ, ಬೋದಿಗೆ, ದಾರಂದ ಹಲಸಿನ ಮರದವು. ಮೇಲೆ ಹಲಗೆಯ ಮುಚ್ಚಿಗೆ. ಕೆತ್ತನೆ ಇದೆ, ಆದರೆ ಅದ್ಭುತ ಅನ್ನುವಂಥದ್ದಲ್ಲ. ಮೂಡುಬಿದಿರೆಯ ಚೌಟರ ಅರಮನೆಯ ನವನಾರಿಕುಂಜರ, ಪಂಚನಾರೀತುರಗ ಇರುವ ಕಂಬಗಳನ್ನು ನೋಡಿದವರಿಗೆ ಇವು ಸಾಧಾರಣ ಅನ್ನಿಸುತ್ತವೆ. ವಾಟ್ಸಾಪ್ ಗುಂಪಿನಲ್ಲಿ ಜಾಸ್ತಿ ಓಡಾಡಿದ್ದು ಮಾತ್ರ ಈ ಕಂಬಗಳ ಫೋಟೋಗಳೇ.

ಚಾವಡಿಯ ಬಗ್ಗೆ ಮಾತಾಡುವಾಗ ಅಲ್ಲಿ ಯಾರು ಎಲ್ಲಿ ಇರುತ್ತಿದ್ದರು ಅನ್ನುವುದನ್ನು ಬಿಡುವ ಹಾಗಿಲ್ಲ. ಯಜಮಾನರು ಚಾವಡಿಯ ಒಳಮೂಲೆಯ ಮಣೆಯ ಮೇಲೆ. ಸರೀಕರು ಅವರ ಎದುರು ಚಾಪೆಯ ಮೇಲೆ. ಒಕ್ಕಲಿನವರು ಮೆಟ್ಟಿಲ ಕೆಳಗೆ, ಅಂಗಳದಲ್ಲಿ ನಿಂತು. ಅಂಗಳಕ್ಕೂ ಬರಬಾರದು ಎಂದಿದ್ದ ಜಾತಿಯವರು ಗದ್ದೆಯ ಹುಣಿಯ (ಬದುವಿನ) ಮೇಲಿಂದಲೇ ಕೂಗಿ ಹೇಳಬೇಕಿತ್ತು. ಒಂದೊಂದು ಮೆಟ್ಟಿಲಿನ ಎತ್ತರದಲ್ಲೂ ಯಾರು ದೊಡ್ಡವರು, ಯಾರು ಸಣ್ಣವರು ಎಂಬ ಲೆಕ್ಕವಿತ್ತು. ದೈವದ ಆರಾಧನೆಯಾದ ನೇಮದ ರಾತ್ರಿ ಮಾತ್ರ ಇದು ತಿರುಗುಮುರುಗಾಗುತ್ತದೆ. ದೈವದ ವೇಷ ಕಟ್ಟುವ ಸಮುದಾಯಗಳಾದ ಪಂಬದರೋ ನಲಿಕೆಯವರೋ ಪರವರೋ ಕಟ್ಟಿದ ದೈವ ಅಂಗಳದ ನಡುವೆ ನಿಂತು ನುಡಿ ಕೊಡುವಾಗ, ಯಜಮಾನರು ಮಣೆ ಬಿಟ್ಟು ಇಳಿದು ಬಂದು ಕೈಮುಗಿದು ನಿಲ್ಲಬೇಕು. ಬೆಳಗಾದರೆ ಮತ್ತೆ ಮೊದಲಿನ ಹಾಗೆ. "ನಮ್ಮ ಭವ್ಯ ಪರಂಪರೆ" ಎಂದು ಚಾವಡಿಯ ಫೋಟೋ ಹಾಕುವವರು ಹುಣಿಯ ಮೇಲೆ ನಿಂತವರನ್ನು ಫ್ರೇಮಿನಿಂದ ಹೊರಗೆ ಬಿಡುತ್ತಾರೆ, ಅಲ್ವಾ?

ಮನೆ ಎಷ್ಟು ಹಳೆಯದು?

ಸಮಿತಿಯವರಿಗೆ ಇದೇ ದೊಡ್ಡ ಪ್ರಶ್ನೆ. ಫಲಕದಲ್ಲಿ ಹಾಕಿಸಲು ಒಂದು ಇಸವಿ ಬೇಕಿತ್ತು. ಅಳತೆ ತೆಗೆಯುತ್ತಾ ಹೋದಂತೆ ನನಗೆ ಕಂಡದ್ದು, ಈ ಮನೆಗೆ ಒಂದೇ ವಯಸ್ಸು ಇಲ್ಲ.

ಗೋಡೆಯ ತಲೆಯ ಮೇಲಿನ ಮರದ ತೊಲೆಯಲ್ಲಿ ಸಾಲಾಗಿ ಹಳೆಯ ಕಂಡಿಗಳಿವೆ. ಈಗಿನ ಪಕ್ಕಾಸಿಗೂ (ಮಾಡಿನ ಓರೆ ಮರಗಳಿಗೂ) ಅವಕ್ಕೂ ಸಂಬಂಧವಿಲ್ಲ. ಅವುಗಳ ಓರೆ ಈಗಿನ ಮಾಡಿಗಿಂತ ಕಡಿದು. ಮರಗೆಲಸದ ನಮ್ಮ ಆಚಾರ್ರು ನೋಡಿದ ಕೂಡಲೇ ಹೇಳಿದರು: "ಇದು ಮುಳಿಹುಲ್ಲಿನ ಮಾಡು ಸ್ವಾಮಿ. ಬಿದಿರು ಕೂರಿಸಿದ ಜಾಗ." ಹುಲ್ಲಿನ ಮಾಡಿಗೆ ಇಳಿಜಾರು ಜಾಸ್ತಿ ಬೇಕು, ಇಲ್ಲದಿದ್ದರೆ ನೀರು ನಿಂತು ಕೊಳೆಯುತ್ತದೆ. ಅದನ್ನು ಮಳೆಗಾಲಕ್ಕೆ ಮುಂಚೆ ಹೊದಿಸುತ್ತಲೇ ಇರಬೇಕು. ಅಂದರೆ ಈ ಮನೆಯ ತಲೆ ಒಂದು ಕಾಲದಲ್ಲಿ ಮತ್ತೆ ಮತ್ತೆ ಹೊಸದಾಗುತ್ತಿತ್ತು.

ಆಮೇಲೆ ಹಂಚು ಬಂತು. ಬಾಸೆಲ್ ಮಿಷನ್‌ನವರು ಮಂಗಳೂರಿಗೆ ಬಂದದ್ದು 1834ರಲ್ಲಿ. ಜೆಪ್ಪುವಿನಲ್ಲಿ ಅವರ ಹಂಚಿನ ಕಾರ್ಖಾನೆ ಶುರುವಾದದ್ದು 1865ರಲ್ಲಿ, ಪ್ಲೆಬ್ಸ್ಟ್ ಎಂಬ ಮಿಷನರಿಯ ಮುಂದಾಳತ್ವದಲ್ಲಿ. ನದಿ ದಂಡೆಯ ಜೇಡಿಮಣ್ಣನ್ನು ಅಚ್ಚಿನಲ್ಲಿ ಒತ್ತಿ ಸುಟ್ಟ ಈ ಹಂಚುಗಳು ಒಂದಕ್ಕೊಂದು ಕಚ್ಚಿಕೊಂಡು ಕೂರುತ್ತವೆ, ಗಾಳಿಮಳೆಗೆ ಬೇಗ ಕದಲುವುದಿಲ್ಲ. ಆಮೇಲೆ ಊರವರೇ ಕಾರ್ಖಾನೆಗಳನ್ನು ತೆರೆದರು. ಹಡಗು ಹತ್ತಿ ಪೂರ್ವ ಆಫ್ರಿಕಾದವರೆಗೂ ಮಂಗಳೂರು ಹಂಚು ಹೋಯಿತು. ಈ ಮನೆಯ ಮಾಡು ಇಳಿಸುವಾಗ ಒಂದೊಂದೇ ಹಂಚನ್ನು ಮಗುಚಿ ನೋಡಿದೆವು. ಬೇರೆ ಬೇರೆ ಕಾರ್ಖಾನೆಗಳ ಅಚ್ಚು ಒಂದೇ ಮಾಡಿನಲ್ಲಿ ಬೆರೆತಿದ್ದವು. ಒಡೆದಾಗ ಪೇಟೆಯಲ್ಲಿ ಸಿಕ್ಕಿದ್ದನ್ನು ತಂದು ಹಾಕಿದ್ದಾರೆ, ಅಷ್ಟೇ. ಇವತ್ತು "ನಮ್ಮ ತುಳುನಾಡಿನ ಸಾಂಪ್ರದಾಯಿಕ ಮನೆ" ಅಂದರೆ ಕಣ್ಣಿಗೆ ಕಟ್ಟುವ ಆ ಕೆಂಪು ಮಾಡು ಜರ್ಮನ್ ಮಾತಾಡುವ ಪಾದ್ರಿಗಳ ಕಾರ್ಖಾನೆಯಿಂದ ಹೊರಟದ್ದು. ಇದರಲ್ಲಿ ನಾಚಿಕೆಪಡುವಂಥದ್ದು ಏನೂ ಇಲ್ಲ. ಒಳ್ಳೆಯ ವಸ್ತು ಕಂಡಿತು, ಹಿರಿಯರು ತಂದು ಹೊದಿಸಿದರು.

ಬಡಗು ದಿಕ್ಕಿನಲ್ಲಿ ಗೋಡೆ ಇದ್ದಕ್ಕಿದ್ದಂತೆ ನಿಂತುಬಿಡುತ್ತದೆ. ಅಲ್ಲಿ ಮನೆಯ ಒಂದು ಕೈ, ಅಂದರೆ ಬದಿಗೆ ಚಾಚಿದ ಭಾಗ, ಇತ್ತಂತೆ. ತಾಯಿಯ ಕಡೆಯಿಂದ ಆಸ್ತಿ ಇಳಿದು ಬರುವ ಅಳಿಯಸಂತಾನದ ಮನೆ ಇದು. 1949ರ ಮದ್ರಾಸ್ ಅಳಿಯಸಂತಾನ ಕಾಯ್ದೆ ಬಂದ ಮೇಲೆ ಕವರುಗಳಿಗೆ (ಕುಟುಂಬದ ಕವಲುಗಳಿಗೆ) ಪಾಲು ಕೇಳುವ ಹಕ್ಕು ಸಿಕ್ಕಿತು. ಇಲ್ಲಿ ಪಾಲಾದಾಗ ಒಂದು ಕವರಿನವರು ತಮ್ಮ ಪಾಲಿನ ಮರಮಟ್ಟು ಬಿಚ್ಚಿಕೊಂಡು ಹೋಗಿ ಬೇರೆ ಊರಲ್ಲಿ ಮನೆ ಕಟ್ಟಿದರು.

ಒಳಗೆ ಪತ್ತಾಯ ಇದೆ, ಆಳು ನಿಂತರೆ ಕಾಣದಷ್ಟು ದೊಡ್ಡದು. ಗೇಣಿಯ ಭತ್ತ ತುಂಬಲು ಮಾಡಿದ್ದು. ಅಟ್ಟದ ಮೇಲೆ ಅಕ್ಕಿಮುಡಿ ಜೋಡಿಸುವ ಜಾಗ. ಒಂದು ಮುಡಿ ಅಂದರೆ 42 ಸೇರು. ಎಷ್ಟು ಮುಡಿಯ ಮನೆ ಎಂಬುದರ ಮೇಲೆ ಆ ಮನೆಯ ತೂಕ. 1974ರ ಮಾರ್ಚ್ 1ರಂದು ಭೂಸುಧಾರಣೆಯ ತಿದ್ದುಪಡಿ ಜಾರಿಗೆ ಬಂತು. ಒಕ್ಕಲಿನವರು ಭೂಮಿಯ ಹಕ್ಕು ಕೇಳಿ ಡಿಕ್ಲರೇಷನ್ ಕೊಟ್ಟರು. ಉಳುತ್ತಿದ್ದ ಗದ್ದೆ ಅವರದಾಯಿತು. ಸ್ವಂತ ಬೇಸಾಯದ ಬಾಕಿಮಾರು ಮತ್ತು ಅದರ ಆಸುಪಾಸಿನ ನಾಲ್ಕು ಗದ್ದೆ ಮಾತ್ರ ಮನೆಗೆ ಉಳಿದವು. ಪತ್ತಾಯದಲ್ಲಿ ಈಗ ಹಳೆಯ ಪಾತ್ರೆಗಳಿವೆ. ಬಾಕಿಮಾರು ಕೂಡ ಹಡಿಲು (ಪಾಳು) ಬಿದ್ದು ಕೆಲವು ವರ್ಷವಾಯಿತು, ನೇಮದ ದಿನ ಕಾರು ನಿಲ್ಲಿಸಲು ಉಪಯೋಗ.

ಹೀಗೆ ಹುಲ್ಲು ಹೋಗಿ ಹಂಚು, ಸೆಗಣಿಯ ನೆಲ ಹೋಗಿ ಕೆಂಪು ಸಿಮೆಂಟಿನ ನೆಲ, ಒಂದು ಕೈ ಹೋಗಿ ಖಾಲಿ ಗೋಡೆ. ಮನೆ ಪ್ರತಿ ಕಾಲಕ್ಕೂ ಬಗ್ಗಿದೆ. ಫಲಕಕ್ಕೆ ಇಸವಿ ಬರೆಯಬೇಡಿ ಎಂದು ಹೇಳಿದೆ. "300 ವರ್ಷಗಳ ಇತಿಹಾಸವುಳ್ಳ" ಎಂದು ಬರೆಸಿದರು. ಸುಮ್ನೆ ಇದ್ದೆ.

ಬನ

ಬನ ಸುಮಾರು 15 ಸೆಂಟ್ಸ್ ಜಾಗ. ಒಳಗೆ ಸುರಗಿ, ರೆಂಜೆ, ಹಾಲೆ, ಕುಂಟಲ, ಬೈನೆ, ಒಂದು ದೊಡ್ಡ ಹೊನ್ನೆ. ಸುತ್ತ ಬೆತ್ತದ ಪೊದೆ. ಇವನ್ನು ಯಾರೂ ನೆಟ್ಟದ್ದಲ್ಲ. ನಡುವೆ ನಾಗನ ಕಲ್ಲುಗಳು, ಸ್ವಲ್ಪ ಆಚೆ ರಕ್ತೇಶ್ವರಿ ದೈವದ ಕಲ್ಲು. ನಾಗರಪಂಚಮಿಗೆ, ತಂಬಿಲದ ಪೂಜೆಗೆ ಬಿಟ್ಟರೆ ಯಾರೂ ಒಳಗೆ ಕಾಲಿಡುವುದಿಲ್ಲ. ಒಣ ಕಟ್ಟಿಗೆ ಕೂಡ ಹೆಕ್ಕುವಂತಿಲ್ಲ. ಬೇಲಿ ಇರಲಿಲ್ಲ, ಬೇಕಾಗಿಯೂ ಇರಲಿಲ್ಲ. ಗಡಿ ಎಲ್ಲಿ ಎಂದು ದನ ಮೇಯಿಸುವ ಮಕ್ಕಳಿಗೂ ಗೊತ್ತಿತ್ತು.

ಇನ್ನೊಂದು ಸಂಗತಿ ಇದೆ. ಇದು ಬರೀ ಈ ಗುತ್ತಿನವರ ಬನವಲ್ಲ. ಮೊದಲು ಒಕ್ಕಲಿದ್ದ ಮೂರು ಮನೆಗಳಿಗೂ ಇದೇ ಮೂಲ, ಅಂದರೆ ಅವರ ನಾಗನ ಮೂಲಸ್ಥಾನ. ಪಂಚಮಿಯ ಬೆಳಿಗ್ಗೆ ಅವರೂ ಸೀಯಾಳ, ಹಾಲು, ಹಿಂಗಾರ, ಅರಸಿನ ತಂದು ಕೊಡುತ್ತಾರೆ. ಡಿಕ್ಲರೇಷನ್ ಆದ ಮೇಲೆ ಗುತ್ತಿಗೂ ಒಕ್ಕಲಿಗೂ ಮಾತು ನಿಂತ ವರ್ಷಗಳಿದ್ದವು. ಗೇಣಿ ಹೋಯಿತು, ಅಂಗಳದಲ್ಲಿ ನಿಲ್ಲುವುದೂ ಹೋಯಿತು. ಬನಕ್ಕೆ ಬರುವುದು ಮಾತ್ರ ಎರಡೂ ಕಡೆಯವರಿಗೆ ತಪ್ಪಲಿಲ್ಲ.

ಸಮಿತಿ ತಂದ ಯೋಜನೆ ಹೀಗಿತ್ತು: ಒಂದೆರಡು ಮರ ಬಿಟ್ಟು ಉಳಿದವನ್ನು ತೆಗೆಯುವುದು, ನಡುವೆ ಕಗ್ಗಲ್ಲಿನ ಎತ್ತರದ ಕಟ್ಟೆ, ಸುತ್ತ ಇಂಟರ್‌ಲಾಕ್, ಅದರ ಸುತ್ತ ಕಂಪೌಂಡು, ಮುಂದೆ ಸ್ಟೀಲಿನ ಗೇಟು. ಕಂಟ್ರಾಕ್ಟರ ಮೊಬೈಲಿನಲ್ಲಿ ಬೇರೆ ಊರುಗಳಲ್ಲಿ ಮಾಡಿಸಿದ್ದರ ಫೋಟೋಗಳಿದ್ದವು. ಎಲ್ಲವೂ ಒಂದೇ ತರಹ.

ಇದನ್ನು ಬಯಸಿದವರು ಭಕ್ತಿಯಿಲ್ಲದವರಲ್ಲ. ಎಲ್ಲರೂ ಮುಂಬೈ ಮಾವ ಎಂದು ಕರೆಯುವ ಹಿರಿಯರೊಬ್ಬರು ಜಾಸ್ತಿ ದುಡ್ಡು ಹಾಕಿದವರು. ಅವರ ಮಾತಿನಲ್ಲೂ ಹುರುಳಿತ್ತು. "ಎಂಜಿನಿಯರೇ, ವರ್ಷಕ್ಕೊಮ್ಮೆ ಬರುವವರು ನಾವು. ಅರುವತ್ತು ದಾಟಿದವರು ಆ ಜಾರುವ ಬೇರಿನ ಮೇಲೆ ಹೇಗೆ ನಡೆಯುವುದು? ಬಳ್ಳಿ ಕಡಿಯಲು ಊರಲ್ಲಿ ಜನ ಸಿಗುತ್ತಾರಾ? ದೇವರ ಜಾಗ ಚೊಕ್ಕ ಬೇಡವಾ?" ಅವರು ಹೇಳದೆ ಬಿಟ್ಟ ಕಾರಣವೂ ಒಂದಿತ್ತು. ದುಡ್ಡು ಕೊಟ್ಟವರಿಗೆ ಏನಾದರೂ ಕಾಣಿಸಬೇಕು. ಮರವನ್ನು ಹಾಗೇ ಬಿಟ್ಟರೆ ಅದರ ಮೇಲೆ ಯಾರ ಹೆಸರು ಬರೆಸುವುದು?

ಎದುರು ಮಾತಾಡಿದವರು ಮನೆಯ ಹಿರಿಯ ಹೆಂಗಸು, ಎಲ್ಲರಿಗೂ ದೊಡ್ಡಮ್ಮ. ಅವರು ಹಳೆಯ ಮನೆಯಲ್ಲಿಲ್ಲ, ಪಕ್ಕದ ಟೆರೇಸ್ ಮನೆಯಲ್ಲಿದ್ದಾರೆ. ಹಳೆಯ ಮನೆಯ ಬಗ್ಗೆ ಅವರಿಗೆ ದೊಡ್ಡ ಮೋಹವೇನೂ ಇರಲಿಲ್ಲ. "ಅಡುಗೆಕೋಣೆಯ ಹೊಗೆ ಕುಡಿದವಳು ನಾನು. ಇವರಿಗೆ ಏನು ಗೊತ್ತು?" ಎಂದು ನಕ್ಕರು. ಬನದ ಮಾತು ಬಂದಾಗ ನಗಲಿಲ್ಲ. "ಮನೆ ಬೇಕಾದರೆ ಬಿಚ್ಚಿ ಮಗಾ. ನಮ್ಮ ಅಜ್ಜಿಯ ಕಾಲದಲ್ಲೂ ಬಿಚ್ಚಿದ್ದಾರೆ. ಬನವನ್ನು ಯಾರು ಕಟ್ಟಿದ್ದು, ನಾವು ಬಿಚ್ಚಲಿಕ್ಕೆ?"

ಭಟ್ರನ್ನು ಕೇಳಿದರು. ಅವರು ಎರಡೂ ಕಡೆಗೆ ನೋವಾಗದ ಹಾಗೆ ಮಾತಾಡುವವರು. ಆದರೂ ಒಂದು ಮಾತು ಹೇಳಿದರು: ನಾಗನಿಗೆ ತನು (ಹಾಲು, ಸೀಯಾಳ) ಎರೆಯುವುದೇ ತಂಪಾಗಲಿ ಎಂದು, ಬಿಸಿಲಿಗೆ ಕಾದ ಕಲ್ಲಿನ ಮೇಲೆ ಹಾಲು ಎರೆದರೆ ಯಾರಿಗೆ ತಂಪು? ಮಾರ್ಚ್ ತಿಂಗಳ ಮಧ್ಯಾಹ್ನ ಬೇರೆ ಊರಿನ ಕಾಂಕ್ರೀಟ್ ಬನದಲ್ಲಿ ಬರಿಗಾಲಲ್ಲಿ ನಿಂತವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ನಾನು ಬೇರೊಂದು ನಕ್ಷೆ ಕೊಟ್ಟೆ. ಕಟ್ಟೆ ಇರಲಿ, ಮುರಕಲ್ಲಿನದು, ಮೊಣಕಾಲಿನಷ್ಟು ಎತ್ತರ. ನೆಲಕ್ಕೆ ಇಂಟರ್‌ಲಾಕ್ ಬೇಡ. ದಾರಿಗೆ ಮಾತ್ರ ಕಲ್ಲು ಹಾಸಿ, ಒಂದು ಬದಿಗೆ ಹಿಡಿದುಕೊಳ್ಳಲು ಸರಳು ಹಾಕುವುದು. ಗೋಡೆಯ ಬದಲು ನೆಕ್ಕಿ ಗಿಡದ ಜೀವಬೇಲಿ. ಖರ್ಚು ಕಂಟ್ರಾಕ್ಟರು ಹೇಳಿದ್ದಕ್ಕಿಂತ ತುಂಬ ಕಡಿಮೆ. ಅದೇ ಅದಕ್ಕೆ ಅಡ್ಡಿಯಾಯಿತು ಅಂತ ನನ್ನ ಗುಮಾನಿ. ಇಷ್ಟು ಅಗ್ಗದ ಕೆಲಸಕ್ಕೆ ಜೀರ್ಣೋದ್ಧಾರ ಎಂದು ಹೆಸರಿಡುವುದು ಹೇಗೆ?

ಕೊನೆಗೆ ಆದದ್ದು ಎರಡರ ಮಿಶ್ರಣ. ಕಟ್ಟೆ ಮುರಕಲ್ಲಿನದೇ ಆಯಿತು. ಬನದ ಮೂರನೇ ಒಂದು ಭಾಗದಷ್ಟು ಬಯಲಾಯಿತು. ಹೊನ್ನೆ ಉಳಿಯಿತು, ರೆಂಜೆ ಮತ್ತು ಎರಡು ಕುಂಟಲ ಹೋದವು. ಮುಂದಿನ ಭಾಗಕ್ಕೆ ಇಂಟರ್‌ಲಾಕ್ ಬಂತು. ಕಂಪೌಂಡು ಬಂದೇ ಬಂತು. ಬನದ ಆಚೆಯ ಜಾಗ ಸೈಟ್ ಆಗಿ ಮಾರಾಟವಾಗಿತ್ತು, ಗಡಿ ಗುರುತಿಸಲೇಬೇಕು ಎಂಬ ಮಾತನ್ನು ತಳ್ಳಿಹಾಕಲು ನನ್ನಿಂದಲೂ ಆಗಲಿಲ್ಲ.

ಕಳಚಿ ತಂದ ಮನೆಗಳು

ಒಂದು ಹಂತದಲ್ಲಿ ದುಬೈಯಲ್ಲಿರುವ ಹುಡುಗನೊಬ್ಬ ಗುಂಪಿನಲ್ಲಿ ಬರೆದ: ಇಷ್ಟೆಲ್ಲ ಯಾಕೆ, ಮನೆಯನ್ನು ಮ್ಯೂಸಿಯಮ್ಮಿಗೆ ಕೊಟ್ಟುಬಿಡೋಣ. ಮಾತು ಪೂರ್ತಿ ಹುಡುಗಾಟದ್ದಲ್ಲ. ಮಣಿಪಾಲದಲ್ಲಿ ವಿಜಯನಾಥ ಶೆಣೈ ಅವರು ಅದನ್ನೇ ಮಾಡಿದ್ದರು. ಪಾಲಾಗಿ, ಬೀಳು ಬಿದ್ದು, ಮರದ ಬೆಲೆಗೆ ಹೋಗುತ್ತಿದ್ದ ಮನೆಗಳನ್ನು ಬಿಡಿಬಿಡಿಯಾಗಿ ಕಳಚಿ ತಂದು ಹಸ್ತಶಿಲ್ಪ ಎಂಬ ಪರಂಪರೆಯ ಗ್ರಾಮದಲ್ಲಿ ಮತ್ತೆ ಜೋಡಿಸಿದರು. 2017ರಲ್ಲಿ ತೀರಿಕೊಳ್ಳುವವರೆಗೂ ಅದೇ ಅವರ ಧ್ಯಾನ. ಅವರಿಲ್ಲದಿದ್ದರೆ ಆ ಕಂಬಗಳು ಯಾವುದೋ ಹೋಟೆಲಿನ ಲಾಬಿಯಲ್ಲಿ ಇರುತ್ತಿದ್ದವು. ಮಂಗಳೂರಿನ ಪಿಲಿಕುಳದಲ್ಲೂ ಒಂದು ಗುತ್ತಿನ ಮನೆ ಇದೆ, ಅದು ನೋಡುವವರಿಗಾಗಿಯೇ ಕಟ್ಟಿದ್ದು.

ನನಗೆ ಈ ಜಾಗಗಳ ಮೇಲೆ ಗೌರವವಿದೆ. ಹಿಂದೆ ಅಂಗಳದಲ್ಲೇ ನಿಲ್ಲಬೇಕಿದ್ದವರ ಮೊಮ್ಮಕ್ಕಳು ಈಗ ಟಿಕೆಟ್ ತೆಗೆದು ನೇರ ಚಾವಡಿಗೆ ಹತ್ತಬಹುದು. ಅದು ಒಳ್ಳೆಯದೇ. ಆದರೆ ಲಾರಿಯಲ್ಲಿ ಹೋಗುವುದು ಮರ, ಕಲ್ಲು, ಹಂಚು. ಗುಡ್ಡದ ನೀರು, ಬಾಕಿಮಾರು, ಬನ, ಹುಣಿಯ ದಾರಿ ಲಾರಿ ಹತ್ತುವುದಿಲ್ಲ. ಕುಟುಂಬದವರು ಮನೆಯನ್ನು ಕೊಡಲಿಲ್ಲ. ಹಾಗಂತ ಅವರು ಉಳಿಸಿಕೊಂಡ ರೀತಿಯೂ ಮ್ಯೂಸಿಯಮ್ಮಿನದ್ದೇ. ಕಂಬಕ್ಕೆ ಪಾಲಿಶ್, ಮುಚ್ಚಿಗೆಗೆ ಫೋಕಸ್ ಲೈಟು, ಪತ್ತಾಯದ ಮುಂದೆ ಹಗ್ಗ. ಕೆಲಸ ಮಾತ್ರ ಚೊಕ್ಕವಾಗಿದೆ. ಆಚಾರ್ರು ಕೊಳೆತ ಬೋದಿಗೆಗಳಿಗೆ ಹಾಕಿದ ತೇಪೆ ಹುಡುಕಿದರೂ ಸಿಗುವುದಿಲ್ಲ. ನೇಮದ ಎರಡು ದಿನ ಬಿಟ್ಟರೆ ವರ್ಷವಿಡೀ ಬೀಗ. ಮದುವೆಗೆ ಮುಂಚಿನ ಫೋಟೋ ಶೂಟಿಗೆ ಕೇಳಿಕೊಂಡು ಬರುವವರಿದ್ದಾರೆ. ಕೊಡಬೇಕೋ ಬೇಡವೋ ಎಂದು ಸಮಿತಿಯಲ್ಲಿ ಎರಡು ಅಭಿಪ್ರಾಯ.

ಗೇಟಿನ ಬೀಗ

ಹೊಸ ಬನದ ಮೊದಲ ನಾಗರಪಂಚಮಿಗೆ ತಕರಾರು ಎದ್ದಿತು. ಹಳೆಯ ಒಕ್ಕಲಿನ ಮೂರು ಮನೆಯವರು ರೂಢಿಯಂತೆ ಬೆಳಗಿನ ಜಾವವೇ ಸೀಯಾಳ ಹಿಡಿದು ಬಂದರು. ಗೇಟಿಗೆ ಬೀಗ. ಕೀಲಿಕೈ ಇದ್ದದ್ದು ಉಡುಪಿಯ ಫ್ಲಾಟಿನಲ್ಲಿರುವ ಸಮಿತಿಯ ಕಾರ್ಯದರ್ಶಿಯ ಬಳಿ. ಅವರು ಬರುವಾಗ ಒಂಬತ್ತು ಗಂಟೆ. ಅಷ್ಟು ಹೊತ್ತು ಮೂರೂ ಮನೆಯವರು ಮಳೆಯಲ್ಲಿ ಗೋಡೆಯ ಹೊರಗೆ ನಿಂತಿದ್ದರು.

ಬೇಕಂತಲೇ ಮಾಡಿದ್ದಲ್ಲ, ನಿಜ. ಆದರೆ ನಿಂತವರಿಗೆ ಅದು ಯಾವುದರ ನೆನಪು ತಂದಿರಬಹುದು ಎಂದು ಊಹಿಸುವುದು ಕಷ್ಟವಲ್ಲ. ಕಾಯ್ದೆ ಬಂದಾಗ ಅಂಗಳದ ಮೆಟ್ಟಿಲು ಬಿದ್ದುಹೋಗಿತ್ತು. ಈಗ ಅದು ಎಂದೂ ಇಲ್ಲದಿದ್ದ ಜಾಗದಲ್ಲಿ ಗೋಡೆಯಾಗಿ ಎದ್ದಿತ್ತು. ಆ ಮನೆಗಳ ಹಿರಿಯರೊಬ್ಬರು ಭಟ್ರ ಹತ್ತಿರ, "ಮುಂದಿನ ವರ್ಷದಿಂದ ನಾವು ಬೇರೆ ಕಡೆ ಕಲ್ಲು ಹಾಕಿಸಿಕೊಳ್ಳುತ್ತೇವೆ" ಅಂದರಂತೆ. ಬೈದದ್ದಲ್ಲ, ಬರೀ ತಿಳಿಸಿದ್ದು. ಅದು ಗುಂಪಿನಲ್ಲಿ ಬೆಂಕಿಯಂತೆ ಹರಡಿತು. ಮೂಲದವರು ಬಿಟ್ಟು ಹೋದರೆ ದೋಷ ಯಾರಿಗೆ ಎಂಬ ಪ್ರಶ್ನೆ ಎದ್ದಿತು.

ದೊಡ್ಡಮ್ಮ ಸಭೆಗೂ ಕಾಯಲಿಲ್ಲ. ಮೊಮ್ಮಗನಿಂದ ಬೀಗ ತೆಗೆಸಿ, ಆ ಮೂರು ಮನೆಗೂ ತಾವೇ ಹೋಗಿ ಮಾತಾಡಿ ಬಂದರು. ಈಗ ಗೇಟಿಗೆ ಚಿಲಕ ಮಾತ್ರ. ಮುಂಬೈ ಮಾವನೇ ಮುಂದೆ ನಿಂತು ಸಮಿತಿಗೆ ಆ ಮನೆಗಳಿಂದ ಒಬ್ಬರನ್ನು ಸೇರಿಸಿದರು. ಈ ವ್ಯವಹಾರದಲ್ಲಿ ನನಗೆ ಅವರ ಮೇಲೆ ಮೆಚ್ಚುಗೆ ಮೂಡಿದ ಒಂದು ಗಳಿಗೆ ಅದು.

ಉಳಿದದ್ದು ನೀರಿನ ತಲೆನೋವು. ಗುಡ್ಡದಿಂದ ಬರುವ ನೀರಿಗೆ ಪೂರ್ವದ ಗೋಡೆ ಅಡ್ಡ ನಿಂತಿದೆ. ನೀರು ಗೋಡೆಯ ಬುಡ ಹಿಡಿದು ತೆಂಕಕ್ಕೆ ತಿರುಗಿ, ಮನೆಯ ಹಿಂದಿನ ಪಂಚಾಂಗಕ್ಕೆ (ಅಡಿಪಾಯಕ್ಕೆ) ಬಡಿಯುತ್ತಿದೆ. ಅಷ್ಟು ಖರ್ಚು ಮಾಡಿ ಉಳಿಸಿದ ಮನೆಯ ಹಿಂಗೋಡೆಯಲ್ಲಿ ತೇವ ಏರಿದೆ. ಏಪ್ರಿಲಿನಲ್ಲಿ ಬಾವಿಯ ನೀರು ಮೊದಲಿಗಿಂತ ಬೇಗ ಇಳಿಯುತ್ತದೆ ಎಂದು ದೊಡ್ಡಮ್ಮ ಹೇಳುತ್ತಾರೆ; ಅದು ಬನದಿಂದಲೋ ಪಕ್ಕದ ಸೈಟಿನ ಬೋರ್‌ವೆಲ್ಲಿನಿಂದಲೋ ಅಳೆದು ನೋಡದೆ ನಾನು ಮಾತು ಕೊಡಲಾರೆ. ಗೋಡೆಯ ವಿಷಯ ಮಾತ್ರ ಸ್ಪಷ್ಟ. ಈ ಮಳೆ ಮುಗಿದ ಮೇಲೆ ಅದರ ಬುಡದಲ್ಲಿ ನಾಲ್ಕು ಕಡೆ ಅಗಲವಾದ ಕಂಡಿ ತೆಗೆದು, ಇಂಟರ್‌ಲಾಕ್ ಎಬ್ಬಿಸಿ ಮಣ್ಣು ಬಿಡಿಸುವುದೆಂದು ತೀರ್ಮಾನವಾಗಿದೆ. ನಕ್ಷೆ ಕೊಟ್ಟಿದ್ದೇನೆ. ಖರ್ಚು ಯಾವ ಕವರಿನ ಲೆಕ್ಕಕ್ಕೆ ಹಾಕುವುದು ಎಂಬ ಚರ್ಚೆ ಗುಂಪಿನಲ್ಲಿ ಇನ್ನೂ ನಡೆಯುತ್ತಿದೆ.